ಕಲ್ಯಾಣದ ಗಾಯ ಮತ್ತು ವಚನಗಳ ಮೌನ

ಬಸವಕಲ್ಯಾಣಕ್ಕೆ ದರ್ಶನಾರ್ಥಿಗಳಾಗಿ ಬರುವ ಭಕ್ತರು ತ್ರಿಪುರಾಂತ ಕೆರೆ, ಪರುಷಕಟ್ಟೆ, ಅಕ್ಕನಾಗಮ್ಮನವರ ಗವಿ ಇವೆಲ್ಲವನ್ನೂ ನೋಡಿಕೊಂಡು ಹರಳಯ್ಯನವರ ಗವಿಗೆ ಬಂದು ನಿಂತಾಗ, ಜೊತೆಗಿದ್ದವರು ಯಾರಾದರೂ ಎಳೆಹೂಟೆಯ ಕಥೆಯನ್ನು ಹೇಳತೊಡಗುತ್ತಾರೆ. ಮಧುವರಸರ ಮಗಳು, ಹರಳಯ್ಯನವರ ಮಗ, ಮದುವೆ, ಬಿಜ್ಜಳನ ಕೋಪ, ಕಣ್ಣು ಕೀಳಿಸಿದ್ದು, ಆನೆಯ ಕಾಲಿಗೆ ಕಟ್ಟಿ ಎಳೆಸಿದ್ದು. ಎರಡು ನಿಮಿಷಗಳಲ್ಲಿ ಎಲ್ಲವೂ ಮುಗಿಯುತ್ತದೆ. ಕೇಳಿದವರು ಕೈಮುಗಿದು, ಪ್ರಸಾದ ಸ್ವೀಕರಿಸಿ, ಮುಂದಿನ ಸ್ಥಳಕ್ಕೆ ನಡೆಯುತ್ತಾರೆ. ನಮ್ಮ ಮುಡಬಿಯ ಕಡೆಯಿಂದ ನೆಂಟರಿಷ್ಟರನ್ನು ಕರೆದುಕೊಂಡು ಹೋಗಿ ಈ ಕಥೆಯನ್ನು ನಾನೂ ಎಷ್ಟೋ ಸಲ ಹೇಳಿದ್ದೇನೆ. ಹೇಳುವಾಗ ನನ್ನ ಗಂಟಲು ಒಮ್ಮೆಯೂ ಕಟ್ಟಲಿಲ್ಲ. ಆದರೆ ಮನೆಗೆ ಬಂದು ನೀಲಾಂಬಿಕೆಯ ವಚನಗಳನ್ನು ತೆರೆದಾಗ, ಅಲ್ಲಿ ಆನೆಯ ಮಾತಿಲ್ಲ, ರಕ್ತದ ಮಾತಿಲ್ಲ. ಆದರೂ ಎರಡು ಪುಟ ದಾಟುವಷ್ಟರಲ್ಲಿ ಓದು ನಿಂತುಹೋಗುತ್ತದೆ. ಎಲ್ಲವನ್ನೂ ಹೇಳಿದ ಕಥೆ ನಮ್ಮನ್ನು ಮುಟ್ಟದೆ, ಏನನ್ನೂ ಹೇಳದ ವಚನ ಮುಟ್ಟುವುದೇಕೆ ಎಂಬ ಪ್ರಶ್ನೆಯೇ ಈ ಲೇಖನಕ್ಕೆ ಕಾರಣ.

ಮನಸ್ಸಿಗೆ ಆದ ಆಘಾತವನ್ನು ಸಾಹಿತ್ಯವು ಹೇಗೆ ನಿರೂಪಿಸುತ್ತದೆ ಎಂಬ ಚರ್ಚೆ ಪಾಶ್ಚಾತ್ಯ ವಿಮರ್ಶೆಯಲ್ಲಿ ಈಚಿನ ಕೆಲವು ದಶಕಗಳಿಂದ ಬಹಳವಾಗಿ ನಡೆದಿದೆ. ಅವರು ಬಳಸುವ ‘ಟ್ರಾಮಾ’ ಎಂಬ ಪದ ಗ್ರೀಕ್ ಮೂಲದ್ದು; ಅದರ ಅರ್ಥ ಗಾಯ ಎಂದಷ್ಟೇ. ಮೊದಲನೆಯ ಮಹಾಯುದ್ಧದಿಂದ ಮರಳಿದ ಸೈನಿಕರು ಕನಸಿನಲ್ಲಿ ಅದೇ ಭೀಕರ ಕ್ಷಣಕ್ಕೆ ಮತ್ತೆ ಮತ್ತೆ ಹಿಂದಿರುಗುವುದನ್ನು ಕಂಡು ಫ್ರಾಯ್ಡ್ 1920ರಲ್ಲಿ ತನ್ನ ಸಿದ್ಧಾಂತವನ್ನೇ ತಿದ್ದಿಕೊಳ್ಳಬೇಕಾಯಿತು. ವಿಯೆಟ್ನಾಂ ಯುದ್ಧದ ತರುವಾಯ, 1980ರಲ್ಲಿ, ಅಮೆರಿಕದ ಮನೋವೈದ್ಯರು ಇದನ್ನು ರೋಗಗಳ ಪಟ್ಟಿಗೆ ಸೇರಿಸಿದರು. 1996ರಲ್ಲಿ ಕ್ಯಾಥಿ ಕರೂತ್ ಎಂಬ ವಿದುಷಿ ಈ ವಿಚಾರವನ್ನು ಸಾಹಿತ್ಯಕ್ಕೆ ಅನ್ವಯಿಸಿ, ಇಂಥ ಗಾಯವು ಆದ ಕ್ಷಣದಲ್ಲಿ ಅನುಭವಕ್ಕೆ ಪೂರ್ತಿ ದಕ್ಕಿರುವುದಿಲ್ಲ, ಆದ್ದರಿಂದಲೇ ಅದು ತಡವಾಗಿ, ಬೇರೆ ವೇಷದಲ್ಲಿ ಮಾತಾಡುತ್ತದೆ ಎಂದು ವಾದಿಸಿದರು. ಈ ಮಾತುಗಳನ್ನು ಎರವಲು ತಂದು ಶರಣರ ಮೇಲೆ ಹೊರಿಸುವ ಉದ್ದೇಶ ನನಗಿಲ್ಲ. ಗಾಯವು ನೇರವಾಗಿ ಮಾತಾಡುವುದಿಲ್ಲ ಎಂಬ ಒಂದಂಶವನ್ನು ಮಾತ್ರ ಕೈಯಲ್ಲಿ ಹಿಡಿದುಕೊಂಡು ನಮ್ಮ ಗ್ರಂಥಗಳ ಕಡೆಗೆ ನೋಡೋಣ.

ಮೊದಲು ಪುರಾಣಗಳು. ಪಾಲ್ಕುರಿಕೆ ಸೋಮನಾಥನ ತೆಲುಗು ಬಸವಪುರಾಣದಲ್ಲಿ, ಅದನ್ನು ಅನುಸರಿಸಿ 1369ರಲ್ಲಿ ಭೀಮಕವಿ ಕನ್ನಡಿಸಿದ ಬಸವಪುರಾಣದಲ್ಲಿ, ಕಲ್ಯಾಣದ ಅವನತಿಗೆ ಕಾರಣ ಅಲ್ಲಯ್ಯ ಮಧುವಯ್ಯರೆಂಬ ಇಬ್ಬರು ಭಕ್ತರ ಕಣ್ಣುಗಳನ್ನು ಬಿಜ್ಜಳನು ಕೀಳಿಸಿದ್ದು. ವಿಜಾತಿ ವಿವಾಹದ ಪ್ರಸಂಗ ಮತ್ತು ಎಳೆಹೂಟೆ ಇವು ನಂತರದ ಪರಂಪರೆಯಲ್ಲಿ ಬಲವಾಗಿ ಬೆಳೆದುಬಂದವು. 1167-68ರ ಸುಮಾರಿಗೆ ಬಿಜ್ಜಳನ ಆಳ್ವಿಕೆ ಕೊನೆಗೊಂಡು ಸೋವಿದೇವನು ಪಟ್ಟಕ್ಕೆ ಬಂದನೆಂಬುದನ್ನು ಶಾಸನಗಳು ಸೂಚಿಸುತ್ತವೆ. ಆ ದಿನಗಳಲ್ಲಿ ಬೀದಿಯಲ್ಲಿ ನಡೆದದ್ದನ್ನು ಶಾಸನಗಳು ಹೇಳುವುದಿಲ್ಲ. ಇತಿಹಾಸಕಾರರ ವಾದವಿವಾದಗಳು ಇಲ್ಲಿ ನಮಗೆ ಮುಖ್ಯವಲ್ಲ. ಒಂದೇ ಗಾಯವು ಒಂದು ಗ್ರಂಥದಲ್ಲಿ ಕಣ್ಣಾಗಿ, ಇನ್ನೊಂದು ಗ್ರಂಥದಲ್ಲಿ ಇಡೀ ದೇಹವಾಗಿ ಹಿಗ್ಗುತ್ತ ಹೋದದ್ದು ಮುಖ್ಯ. ತಲೆಮಾರುಗಳು ಕಳೆದಂತೆ ನೋವು ಮಾಸಬೇಕಿತ್ತು. ಇಲ್ಲಿ ಅದು ಬೆಳೆದಿದೆ.

ಹಾಗೆ ಬೆಳೆದ ನೋವನ್ನು ಪುರಾಣಕಾರರು ಏನು ಮಾಡಿದರು? ಅದಕ್ಕೆ ಶಾಪದ ರೂಪ ಕೊಟ್ಟರು. ಬಸವಣ್ಣನವರು ಕಲ್ಯಾಣವನ್ನು ಶಪಿಸಿ ಸಂಗಮಕ್ಕೆ ನಡೆದರು; ಜಗದೇವ, ಮೊಲ್ಲೆಬೊಮ್ಮಯ್ಯರು ಬಿಜ್ಜಳನನ್ನು ಕೊಂದರು; ಪಾಪಕ್ಕೆ ಫಲ ದೊರೆಯಿತು. ಕಥೆ ಮುಚ್ಚಿಕೊಂಡಿತು. ಚದುರಿಹೋದ ಸಮುದಾಯವೊಂದಕ್ಕೆ ಅರ್ಥವಿಲ್ಲದೆ ಜನ ಸತ್ತರೆಂಬ ಮಾತಿಗಿಂತ ಅರ್ಥವುಳ್ಳ ಶಾಪವೇ ಮೇಲು ಎಂದು ತೋರಿದ್ದರಲ್ಲಿ ಆಶ್ಚರ್ಯವಿಲ್ಲ. ಪುರಾಣಕಾರರನ್ನು ನಾನು ಹಳಿಯುವುದಿಲ್ಲ. ಅವರು ಬಟ್ಟೆ ಸುತ್ತಿದ್ದರಿಂದಲೇ ಗಾಯ ನಮ್ಮ ಕಾಲದವರೆಗೆ ಬಂದಿದೆ. ಆದರೆ ಬಟ್ಟೆ ಸುತ್ತಿದ ಗಾಯವನ್ನು ನೋಡಿದವನು ಗಾಯವನ್ನು ನೋಡಿದಂತಾಗಲಿಲ್ಲ. ಹರಳಯ್ಯನವರ ಗವಿಯಲ್ಲಿ ನಾವು ಹೇಳುವ ಕಥೆ ಈ ಬಟ್ಟೆಯ ಕಥೆ.

ಇದಕ್ಕಿಂತ ವಿಚಿತ್ರವಾದದ್ದು ಕಾಲಜ್ಞಾನ ಸಾಹಿತ್ಯ. ಚೆನ್ನಬಸವಣ್ಣನವರ ಹೆಸರಿನಲ್ಲಿಯೂ ಇತರ ಶರಣರ ಹೆಸರಿನಲ್ಲಿಯೂ ದೊರೆಯುವ ಈ ರಚನೆಗಳನ್ನು ವಿದ್ವಾಂಸರು ಬಹುಕಾಲ ಕಾವ್ಯವೆಂದು ಎಣಿಸಲಿಲ್ಲ, ಭಕ್ತರು ಮಾತ್ರ ಪುರಾಣಪ್ರವಚನಗಳಲ್ಲಿ ಕೇಳುತ್ತ ಬಂದರು. ಅವುಗಳಲ್ಲಿ ಕಲ್ಯಾಣವು ಹಾಳಾಗುವುದು, ಶರಣರು ಚದುರುವುದು, ಬಹುಕಾಲದ ಮೇಲೆ ವೀರವಸಂತರಾಯನು ಬಂದು ಕಲ್ಯಾಣವನ್ನು ಮರಳಿ ಕಟ್ಟುವುದು ಎಲ್ಲವೂ ಭವಿಷ್ಯತ್ಕಾಲದಲ್ಲಿವೆ. ಆಗಿಹೋದದ್ದನ್ನು ಆಗಲಿರುವುದೆಂಬಂತೆ ಹೇಳುವ ಈ ಪದ್ಧತಿಯನ್ನು ಭವಿಷ್ಯವಾಣಿಯ ರೂಢಿಯೆಂದು ತಳ್ಳಿಹಾಕಬಹುದು. ನನಗೆ ಹಾಗೆ ತೋರುವುದಿಲ್ಲ. ಆಘಾತವಾದವನಿಗೆ ಕಾಲದ ಲೆಕ್ಕ ತಪ್ಪುತ್ತದೆ. ನಡೆದುಹೋದದ್ದು ಅವನ ಹಿಂದೆ ಇರುವುದಿಲ್ಲ, ಎದುರಿಗೆ ನಿಂತಿರುತ್ತದೆ, ಇನ್ನೇನು ನಡೆಯಲಿದೆ ಎಂಬಂತೆ. ಮನೆಗೆ ಬೆಂಕಿ ಬಿದ್ದು ಇಪ್ಪತ್ತು ವರ್ಷವಾದ ಮೇಲೂ ಹೊಗೆಯ ವಾಸನೆ ಬಂದರೆ ಎದ್ದು ನಿಲ್ಲುವವರನ್ನು ನಾವು ಕಂಡಿಲ್ಲವೆ? ಕಾಲಜ್ಞಾನವು ಒಂದು ಇಡೀ ಸಮುದಾಯ ಹಾಗೆ ಎದ್ದು ನಿಂತ ರೀತಿ. ವಸಂತರಾಯನು ಅದಕ್ಕೆ ಸೇರಿಕೊಂಡ ಆಸೆ. ಸಾಹಿತ್ಯದ ವಿದ್ಯಾರ್ಥಿಗಳು ಈ ಗ್ರಂಥಗಳನ್ನು ಇನ್ನು ಮುಂದಾದರೂ ಮೂಢನಂಬಿಕೆಯ ಕಪಾಟಿನಿಂದ ಕೆಳಗಿಳಿಸಿ ಓದಬೇಕು.

ಇನ್ನು ವಚನಗಳು. ಇಲ್ಲಿ ಒಂದು ಆಕ್ಷೇಪವನ್ನು ಮೊದಲು ಎದುರಿಸಬೇಕು. ಶರಣರು ಮರಣವನ್ನು ಹಬ್ಬವೆಂದು ಕರೆದವರು. ನಾಳೆ ಬರುವುದು ಇಂದೇ ಬರಲೆಂದು ನಿರ್ಭಯವಾಗಿ ನಿಂತವರು. ಅಂಥವರಿಗೆ ಆಘಾತವೆಲ್ಲಿ, ಮನೋವ್ಯಥೆಯೆಲ್ಲಿ ಎಂದು ಶ್ರದ್ಧಾವಂತರು ಕೇಳುತ್ತಾರೆ. ಪ್ರಶ್ನೆ ಸಾಧುವಾದದ್ದೇ. ಆದರೆ ಶರಣನು ಸ್ವಾಗತಿಸುವುದು ತನ್ನ ಮರಣವನ್ನು. ಮತ್ತೊಬ್ಬನ ಮರಣವನ್ನು ಹಬ್ಬವೆಂದು ಆಚರಿಸು ಎಂದು ಯಾವ ಶರಣನೂ ಹೇಳಿಲ್ಲ. ತನ್ನ ಮೇಲೆ ಬಂದದ್ದನ್ನು ಪ್ರಸಾದವಾಗಿ ಸ್ವೀಕರಿಸಬಲ್ಲವನು, ತನ್ನ ಜೊತೆಗಾರನ ಮೇಲೆ ಬಂದದ್ದನ್ನು ಕಂಡು ಬದುಕಿ ಉಳಿಯಬೇಕಾದಾಗ ಏನು ಮಾಡುತ್ತಾನೆ? ಕಲ್ಯಾಣದ ನಿಜವಾದ ಗಾಯ ಸತ್ತವರದ್ದಲ್ಲ, ಉಳಿದವರದ್ದು. ಉಳವಿಯ ದಾರಿ ಹಿಡಿದವರದ್ದು.

ಉಳಿದವರಲ್ಲಿ ನೀಲಾಂಬಿಕೆ ಒಬ್ಬಳು. ಬಸವಣ್ಣನವರು ಸಂಗಮದಿಂದ ಹಡಪದ ಅಪ್ಪಣ್ಣನವರನ್ನು ಕಳುಹಿಸಿ ಅವಳನ್ನು ಕರೆಸಿದರೆಂದೂ, ಅವಳು ಬರುವ ದಾರಿಯಲ್ಲಿಯೇ ಅವರು ಲಿಂಗೈಕ್ಯರಾದ ಸುದ್ದಿ ತಿಳಿದು ಕೃಷ್ಣೆಯ ದಡದ ತಂಗಡಗಿಯಲ್ಲಿ ತಾನೂ ಐಕ್ಯಳಾದಳೆಂದೂ ಪರಂಪರೆ ಹೇಳುತ್ತದೆ. ‘ಸಂಗಯ್ಯ’ ಎಂಬ ಅಂಕಿತದ ಅವಳ ವಚನಗಳನ್ನು ಒಟ್ಟಾಗಿ ಓದಿದವರಿಗೆ ಎದ್ದು ಕಾಣುವ ಸಂಗತಿ ಒಂದೇ: ‘ಬಸವ’ ಎಂಬ ಹೆಸರಿನ ಪುನರುಕ್ತಿ. ಒಂದೊಂದು ವಚನದಲ್ಲಿ ಅದು ಸಾಲುಸಾಲಿಗೂ ಬರುತ್ತದೆ. ಬಸವನಿಲ್ಲದ ಮೇಲೆ ತನಗೆ ಯಾವ ಹೆಸರೂ ಅಂಟದು, ಹೆಣ್ಣೆಂಬ ಕುರುಹೂ ಉಳಿಯದು ಎಂಬ ಭಾವ ಬೇರೆ ಬೇರೆ ಮಾತುಗಳಲ್ಲಿ ತಿರುಗಿ ತಿರುಗಿ ಕೇಳಿಸುತ್ತದೆ. ನಾನು ಎಳೆಯ ಉಪಾಧ್ಯಾಯನಾಗಿದ್ದಾಗ ಈ ಪುನರುಕ್ತಿಯನ್ನು ಶೈಲಿಯ ದೋಷವೆಂದು ಭಾವಿಸಿದ್ದೆ. ಬಸವಣ್ಣನವರ ಉಪಮೆಗಳ ಐಶ್ವರ್ಯವೆಲ್ಲಿ, ಈ ಬಡತನವೆಲ್ಲಿ ಎಂದು ತರಗತಿಯಲ್ಲಿ ಹೇಳಿದ್ದೂ ಉಂಟು. ಆ ಮಾತನ್ನು ಈಗ ಹಿಂತೆಗೆದುಕೊಳ್ಳುತ್ತೇನೆ. ಉಪಮೆ ಬೇಕಾದರೆ ಒಂದು ವಸ್ತುವಿನಿಂದ ಇನ್ನೊಂದು ವಸ್ತುವಿಗೆ ಮನಸ್ಸು ಹಾಯಬೇಕು. ನೀಲಾಂಬಿಕೆಯ ಮನಸ್ಸು ಎಲ್ಲಿಗೂ ಹಾಯಲಾರದೆ ಒಂದು ಹೆಸರಿನ ಬಳಿಯೇ ನಿಂತಿದೆ. ಮತ್ತೊಂದು ಮಾತು: ಐಕ್ಯಸ್ಥಲದ ನಿರ್ವಚನವೂ ಅವಳಲ್ಲಿ ಇದೇ ಮಾತುಗಳಿಂದ ಆಗುತ್ತದೆ. ಹೆಸರಳಿಯುವುದು ಶೋಕವೂ ಹೌದು, ನಿರ್ಬಯಲೂ ಹೌದು. ಇವೆರಡರಲ್ಲಿ ಒಂದನ್ನು ಆರಿಸಿಕೊಳ್ಳಬೇಕೆಂದು ಓದುಗನಿಗೆ ಅವಳು ಬಲಾತ್ಕಾರ ಮಾಡುವುದಿಲ್ಲ. ಶೋಕವನ್ನಷ್ಟೇ ಕಾಣುವ ಆಧುನಿಕನೂ, ಐಕ್ಯವನ್ನಷ್ಟೇ ಕಾಣುವ ಶಾಸ್ತ್ರಜ್ಞನೂ ಅರ್ಧ ಓದಿದವರು.

ಅಕ್ಕಮಹಾದೇವಿಯ ವಿಷಯ ಇನ್ನೂ ಸೂಕ್ಷ್ಮವಾದದ್ದು. ನೋವಿನ ಅರಿವನ್ನು ಕುರಿತ ಅವಳ ಪ್ರಸಿದ್ಧ ವಚನವೊಂದನ್ನು ಬಲ್ಲದ ಕನ್ನಡಿಗರಿಲ್ಲ. ಹೆರದವಳಿಗೆ ಹೆರಿಗೆಯ ಬೇನೆ ತಿಳಿಯದು, ಮಲತಾಯಿಗೆ ಮುದ್ದು ತಿಳಿಯದು ಎಂದು ಆರಂಭಿಸಿ, ಚೆನ್ನಮಲ್ಲಿಕಾರ್ಜುನನ ಆಯುಧವು ತನ್ನೊಳಗೆ ಹೊಕ್ಕು ತುಂಡಾಗಿ ಅಲ್ಲಿಯೇ ತಿರುಗುತ್ತಿರುವ ನೋವನ್ನು ಅವಳು ಹೇಳುತ್ತಾಳೆ. ಆ ಚಿತ್ರವನ್ನು ಸ್ವಲ್ಪ ನಿಂತು ನೋಡಬೇಕು. ಇರಿದ ಆಯುಧ ಹೊರಗೆ ಬಂದಿದ್ದರೆ ಗಾಯ ಹೊರಗಿನವರಿಗೆ ಕಾಣುತ್ತಿತ್ತು, ಮಾಯುತ್ತಲೂ ಇತ್ತು. ಇಲ್ಲಿ ಹಿಡಿಕೆ ಹೊರಗೆ ಹೋಗಿದೆ, ಮೊನೆ ಒಳಗೆ ಉಳಿದಿದೆ. ಮೈ ಅಲುಗಿದಾಗಲೆಲ್ಲ ಅದು ಹೊಸದಾಗಿ ಇರಿಯುತ್ತದೆ. ಇರಿದದ್ದು ಒಂದು ಸಲ, ಇರಿತ ನಿತ್ಯ. ಪಾಶ್ಚಾತ್ಯರು 20ನೆಯ ಶತಮಾನದಲ್ಲಿ ಗ್ರಂಥಗಳನ್ನೇ ಬರೆದು ವಿವರಿಸಿದ ಸಂಗತಿಯನ್ನು ಉಡುತಡಿಯ ಹೆಣ್ಣುಮಗಳು ಒಂದು ಕ್ರಿಯಾಪದದಲ್ಲಿ ಇರಿಸಿದ್ದಾಳೆ.

ಇದು ದೇವರ ಆಯುಧ, ವಿರಹದ ನೋವು, ಇದಕ್ಕೂ ಲೌಕಿಕ ಆಘಾತಕ್ಕೂ ಸಂಬಂಧವಿಲ್ಲ ಎಂದು ಹೇಳುವವರಿದ್ದಾರೆ. ಅವರ ಮಾತಿನಲ್ಲಿ ಸತ್ಯವಿದೆ; ಅಕ್ಕನ ಅನುಭಾವವನ್ನು ಮನೋವೈದ್ಯರ ಚೀಟಿಗೆ ಇಳಿಸುವುದು ಅಪಚಾರ. ಆದರೆ ಆ ಅನುಭಾವಕ್ಕೆ ಅವಳು ಎಲ್ಲಿಂದ ಮಾತು ತಂದಳು ಎಂದು ಕೇಳಬಾರದೆ? ಹೆರಿಗೆ, ಮಲತಾಯಿತನ, ಇರಿತ: ಮೂರೂ ಹೆಣ್ಣುಮಕ್ಕಳ ಮೈಮನಗಳು ಬಲ್ಲ ನೋವುಗಳು. ಕೌಶಿಕನೊಡನೆ ಮದುವೆ ನಡೆಯಿತೆಂದು ಹರಿಹರ ಹೇಳುತ್ತಾನೆ. ನಡೆಯಲೇ ಇಲ್ಲವೆಂಬಂತೆ ಚಾಮರಸನ ಪ್ರಭುಲಿಂಗಲೀಲೆ ಕಥೆಯನ್ನು ತಿರುಗಿಸುತ್ತದೆ. ಕವಿಗಳಿಗೇ ಆ ಅರಮನೆಯ ದಿನಗಳ ಬಗ್ಗೆ ಹೇಗೆ ಬರೆಯಬೇಕೆಂದು ತೋಚಿಲ್ಲ. ಒಬ್ಬನು ಒಪ್ಪಿಕೊಂಡು ಬರೆದ, ಇನ್ನೊಬ್ಬನು ಅಳಿಸಿ ಬರೆದ. ಅಕ್ಕನು ಮಾತ್ರ ಆ ಕಥೆಯನ್ನು ಕಥೆಯಾಗಿ ಎಲ್ಲಿಯೂ ಹೇಳಲಿಲ್ಲ.

ಅವಳು ಆ ವಚನವನ್ನು ಯಾರಿಗೆ ಹೇಳುತ್ತಾಳೆ ಎಂಬುದೂ ಗಮನಾರ್ಹ. ಅವಳ ಬಹುಪಾಲು ವಚನಗಳು ಚೆನ್ನಮಲ್ಲಿಕಾರ್ಜುನನಿಗೆ ನೇರವಾಗಿ ಹೇಳಿದವು. ಇದು ತಾಯಂದಿರಿಗೆ. ನಿಮಗೆ ತಿಳಿಯದು ಎಂದು ಹೇಳುವುದೂ ಅವರಿಗೇ. ತಿಳಿಯದವರನ್ನು ಕರೆದು ನಿಮಗೆ ತಿಳಿಯದು ಎಂದು ಏಕೆ ಹೇಳಬೇಕು? ಸುಮ್ಮನಿರಬಹುದಾಗಿತ್ತು. ನೋವು ಹಂಚಿಕೊಳ್ಳಲು ಬಾರದ್ದು. ಆದರೆ ಹಂಚಿಕೊಳ್ಳಲು ಬಾರದೆಂಬುದನ್ನು ಹಂಚಿಕೊಳ್ಳಬಹುದು. ಕೇಳುವವರು ತಿಳಿಯಿತೆಂದು ತಲೆಯಾಡಿಸದೆ ತಿಳಿಯಲಿಲ್ಲವೆಂದು ಒಪ್ಪಿ ಕುಳಿತರೆ ಸಾಕು ಎಂಬಷ್ಟೇ ಅವಳ ಬೇಡಿಕೆ. ಗವಿಯ ಮುಂದೆ ನಿಂತು ಎಳೆಹೂಟೆಯ ಕಥೆ ಹೇಳುವಾಗ ನಾವು ತಪ್ಪುವುದು ಇಲ್ಲಿಯೇ. ನಮಗೆ ಎಲ್ಲವೂ ತಿಳಿದಿರುತ್ತದೆ.

ಶೂನ್ಯಸಂಪಾದನೆಯಲ್ಲಿ ಬರುವ ಅಕ್ಕನ ಪರೀಕ್ಷೆಯ ಪ್ರಸಂಗವನ್ನು ಈ ಬೆಳಕಿನಲ್ಲಿ ಮತ್ತೆ ಓದಬೇಕಾಗಿದೆ. ಊರ ಹೊರಗೆ ಕಿನ್ನರಿ ಬೊಮ್ಮಯ್ಯನ ಪರೀಕ್ಷೆ. ಒಳಗೆ ಬಂದರೆ ಅಲ್ಲಮಪ್ರಭುವಿನ ಪ್ರಶ್ನೆಗಳು. ನಿನ್ನ ಗಂಡನಾರು ಹೇಳು, ಹೇಳಿದರೆ ಕುಳಿತುಕೊ. ಸೀರೆ ಬಿಟ್ಟವಳು ಕೂದಲನ್ನು ಏಕೆ ಮರೆ ಮಾಡಿದೆ? ಭಕ್ತಿಯ ಒರೆಗಲ್ಲು ಎಂದೇ ಇದನ್ನು ಪಾಠ ಮಾಡುತ್ತ ಬಂದೆವು. ಒಮ್ಮೆ ಎಂಟನೆಯ ತರಗತಿಯ ಹುಡುಗಿಯೊಬ್ಬಳು ಎದ್ದು ನಿಂತು, “ಸರ್, ಕೌಶಿಕನನ್ನು ಯಾರೂ ಏನೂ ಕೇಳಲಿಲ್ಲವೆ?” ಎಂದಳು. ಘಂಟೆ ಬಾರಿಸಿತು; ನನಗೆ ಉತ್ತರ ತಪ್ಪಿತು. ನಿವೃತ್ತನಾಗಿ ಇಷ್ಟು ವರ್ಷಗಳಾದ ಮೇಲೂ ಆ ಪ್ರಶ್ನೆ ನನ್ನ ಸಂಗಡ ಬಂದಿದೆ.

ಪ್ರಶ್ನೆಗೆ ಉತ್ತರ ಸಂಪಾದನೆಯಲ್ಲಿಯೇ ಅಡಗಿದೆ ಎಂದು ಈಗ ತೋರುತ್ತದೆ. ಕೂದಲನ್ನು ಏಕೆ ಮರೆ ಮಾಡಿದೆ ಎಂದು ಕೇಳಿದ್ದಕ್ಕೆ ಅವಳು, ಕಾಮನ ಗುರುತನ್ನು ಕಂಡು ನಿಮಗೆ ನೋವಾದೀತೆಂದು ಎಂಬರ್ಥದ ಉತ್ತರ ಕೊಡುತ್ತಾಳೆ. ತನ್ನ ನೋವನ್ನು ಕೇಳಿದವರಿಗೆ ಅವರ ನೋವಿನ ಚಿಂತೆಯನ್ನು ಹಿಂದಿರುಗಿಸುತ್ತಾಳೆ. ಅದೇ ಉತ್ತರದಲ್ಲಿ, ದೇವರಲ್ಲಿ ನೆಲೆಸಿದವಳನ್ನು ಇನ್ನು ಕಾಡಬೇಡ ಎಂದು ಪ್ರಭುವಿಗೆ ಹೇಳುತ್ತಾಳೆ. ಪರೀಕ್ಷೆಯು ಕಾಟವೂ ಆಗಿತ್ತೆಂಬುದು ಅವಳಿಗೆ ಗೊತ್ತಿತ್ತು, ಹೇಳಲು ಅಂಜಲಿಲ್ಲ. 15ನೆಯ ಶತಮಾನದಿಂದ ಈ ಸಂವಾದವನ್ನು ಜೋಡಿಸುತ್ತ ಬಂದ ಸಂಪಾದನಕಾರರು, ಪ್ರಭುವಿನ ಮಹಿಮೆಗೆ ಕುಂದು ಬಂದೀತೆಂದು ಆ ಮಾತನ್ನು ತೆಗೆದುಹಾಕಲಿಲ್ಲ. ಅವರ ಪ್ರಾಮಾಣಿಕತೆ ದೊಡ್ಡದು. ಇಡೀ ಪ್ರಸಂಗದಲ್ಲಿ ಕೌಶಿಕನ ಅರಮನೆಯಲ್ಲಿ ಏನಾಯಿತೆಂಬುದನ್ನು ಅಕ್ಕನು ಹೇಳುವುದಿಲ್ಲ. ಹೇಳದೆಯೇ ಶರಣರ ಸಭೆಯಲ್ಲಿ ಅವಳಿಗೆ ಸ್ಥಾನ ದೊರೆಯುತ್ತದೆ. ಹೇಳುವ ಹಕ್ಕಿನಂತೆ ಹೇಳದಿರುವ ಹಕ್ಕನ್ನೂ ಕೊಟ್ಟ ಸಭೆ ಅದು.

ಆಧುನಿಕರ ಬಗ್ಗೆ ಸಂಕ್ಷೇಪವಾಗಿ ಹೇಳುತ್ತೇನೆ. ‘ಕ್ರಾಂತಿ ಕಲ್ಯಾಣ’ಕ್ಕೆ 1964ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪುರಸ್ಕಾರ ಪಡೆದ ಬಿ. ಪುಟ್ಟಸ್ವಾಮಯ್ಯನವರ ಕಾದಂಬರಿಮಾಲೆಯಲ್ಲಿ ರಾಜಕಾರಣದ ಹರಹು ದೊಡ್ಡದು. ಗಾಯಕ್ಕೆ ಅಲ್ಲಿ ಎಡೆ ಕಡಿಮೆ. ಲಂಕೇಶರ ‘ಸಂಕ್ರಾಂತಿ’ (1971), ಶಿವಪ್ರಕಾಶರ ‘ಮಹಾಚೈತ್ರ’ (1986), ಕಾರ್ನಾಡರ ‘ತಲೆದಂಡ’ (1990) ಈ ಮೂರು ನಾಟಕಗಳು ಪುರಾಣದ ಬಟ್ಟೆಯನ್ನು ಬಿಚ್ಚಿದವು. ಭಕ್ತರಲ್ಲಿ ಕೆಲವರಿಗೆ ಅಸಮಾಧಾನವಾದದ್ದೂ ನಿಜ. ‘ತಲೆದಂಡ’ದಲ್ಲಿ ನನ್ನ ಮನಸ್ಸಿನಲ್ಲಿ ನಿಂತದ್ದು ಅರಮನೆಯ ದೃಶ್ಯಗಳಲ್ಲ, ಮದುವೆಯ ಮಾತು ನಡೆದಾಗ ಎರಡೂ ಕಡೆಯ ತಾಯಂದಿರಿಗೆ ಆಗುವ ಭೀತಿ. ಗಂಡಸರು ಕ್ರಾಂತಿಯನ್ನು ಕಾಣುವಲ್ಲಿ ಅವರು ಮಕ್ಕಳ ಮೈಯನ್ನು ಕಾಣುತ್ತಾರೆ. ಆಗಬೇಕಾದ ಆಘಾತವು ಆಗುವ ಮೊದಲೇ ಅವರಿಗೆ ಆಗಿಹೋಗಿದೆ.

ಕಲ್ಯಾಣದ ನೆಲಕ್ಕೆ ಇದೊಂದೇ ಗಾಯವಾಗಿದ್ದರೆ ನಾನು ಇಲ್ಲಿಗೆ ನಿಲ್ಲಿಸುತ್ತಿದ್ದೆ. 1948ರ ಮೇ ತಿಂಗಳಲ್ಲಿ ನಮ್ಮ ಸೀಮೆಯ ಗೋರಟಾ ಗ್ರಾಮದಲ್ಲಿ ರಜಾಕಾರರು ನಡೆಸಿದ ಹತ್ಯಾಕಾಂಡವನ್ನು ಈ ಭಾಗದವರು ಮರೆತಿಲ್ಲ. ಅಲ್ಲಿ ಹುತಾತ್ಮರ ಸ್ಮಾರಕವೂ ಎದ್ದಿದೆ. ಅದೇ ವರ್ಷದ ಸೆಪ್ಟೆಂಬರಿನಲ್ಲಿ ಪೊಲೀಸ್ ಕಾರ್ಯಾಚರಣೆ ಮುಗಿದ ಕೂಡಲೆ ಬೀದರ, ಕಲಬುರ್ಗಿ, ಉಸ್ಮಾನಾಬಾದ, ನಾಂದೇಡ ಜಿಲ್ಲೆಗಳಲ್ಲಿ ಮುಸಲ್ಮಾನರ ಮೇಲೆ ನಡೆದ ಹತ್ಯೆಗಳನ್ನು ಪಂಡಿತ ಸುಂದರಲಾಲರ ಸಮಿತಿ ವಿಚಾರಿಸಿ, ಇಡೀ ಸಂಸ್ಥಾನದಲ್ಲಿ ಸತ್ತವರ ಸಂಖ್ಯೆ 27,000ದಿಂದ 40,000 ಇರಬಹುದೆಂದು ಅಂದಾಜು ಮಾಡಿತು. ಆ ವರದಿ ದಶಕಗಳ ಕಾಲ ಜನರ ಕಣ್ಣಿಗೆ ಬೀಳಲಿಲ್ಲ. ಮೊದಲ ಗಾಯಕ್ಕೆ ಕಥೆ ಸಿಕ್ಕಿತು, ಎರಡನೆಯ ಗಾಯಕ್ಕೆ ಮುಚ್ಚಳ ಸಿಕ್ಕಿತು. ಒಂದು ಕಡೆ ಪುರಾಣದ ಬಟ್ಟೆ, ಇನ್ನೊಂದು ಕಡೆ ಕಡತದ ದಾರ. ಎರಡರಲ್ಲಿಯೂ ನೀಲಾಂಬಿಕೆಯ ದನಿ ಕೇಳುವುದಿಲ್ಲ. ಕಲ್ಯಾಣಕ್ಕೆ ಬಂದ ಅತಿಥಿಗಳು ಇಳಿದುಕೊಳ್ಳುತ್ತಿದ್ದ ಸ್ಥಳವನ್ನು ನಾವು ಇಂದಿಗೂ ‘ಬಂದವರ ಓಣಿ’ ಎಂದೇ ಕರೆಯುತ್ತೇವೆ. ಯಾರು ಬಂದರೆಂದು ಜಾತಿಯನ್ನು ಆ ಹೆಸರು ಹೇಳುವುದಿಲ್ಲ. ಅಂಥ ಊರಿನ ಸಾಹಿತ್ಯವು ತನ್ನ ಗಾಯವನ್ನು ಮಾತ್ರ ಬಲ್ಲದ್ದಾಗಿ ಉಳಿದರೆ, ಅಕ್ಕನು ಕರೆದ ತಾಯಂದಿರಲ್ಲಿ ಅರ್ಧ ಜನ ಹೊರಗೇ ನಿಲ್ಲುತ್ತಾರೆ.

ನನ್ನ ಬಾಲ್ಯದಲ್ಲಿ ನಮ್ಮ ಓಣಿಯಲ್ಲಿ ಇಬ್ಬರು ಮುದುಕಿಯರಿದ್ದರು. ಒಬ್ಬಾಕೆ ನಮ್ಮವರು, ಆ ಬೇಸಿಗೆಯಲ್ಲಿ ತವರಿನಿಂದ ರಾತ್ರೋರಾತ್ರಿ ಓಡಿಬಂದವರು. ಇನ್ನೊಬ್ಬಾಕೆ ಮುಸಲ್ಮಾನರು, ಆ ಮಳೆಗಾಲದ ಕೊನೆಯಲ್ಲಿ ಹೊಲಕ್ಕೆ ಹೋದ ಮಗ ಹಿಂದಿರುಗಲಿಲ್ಲ. ಮಧ್ಯಾಹ್ನದ ಹೊತ್ತು ಇಬ್ಬರೂ ಒಂದೇ ಕಟ್ಟೆಯ ಮೇಲೆ ಕುಳಿತು ಜೋಳ ಹಸನು ಮಾಡುತ್ತಿದ್ದರು. ಮಕ್ಕಳಾದ ನಾವು ರಜಾಕಾರರ ಕಥೆ ಹೇಳೆಂದು ಪೀಡಿಸಿದರೆ, ನಮ್ಮ ಮುದುಕಿ ಕತ್ತಲು, ದಾರಿ, ನಾಯಿಗಳ ಬೊಗಳುವಿಕೆ ಎಲ್ಲವನ್ನೂ ಹೇಳಿ ಊರ ಬಾವಿಯ ತನಕ ಬಂದವರು ತಟ್ಟನೆ, “ಒಲೀ ಮ್ಯಾಲ ಬ್ಯಾಳಿ ಇಟ್ಟು ಬಂದಿದ್ದೆವು ನೋಡು” ಎಂದು ಬೇಳೆಯ ಮಾತಿಗೆ ಹೊರಳುತ್ತಿದ್ದರು. ಬಾವಿಯ ಆಚೆಗೆ ಕಥೆ ಎಂದೂ ಹೋಗಲಿಲ್ಲ. ಎಷ್ಟು ಬೇಳೆ, ಯಾವ ಪಾತ್ರೆ, ಉಪ್ಪು ಹಾಕಿತ್ತೋ ಇಲ್ಲವೋ ಎಂಬುದು ಮಾತ್ರ ಪ್ರತಿ ಸಲವೂ ಬರುತ್ತಿತ್ತು. ಪಕ್ಕದಲ್ಲಿದ್ದಾಕೆ ಒಮ್ಮೆಯೂ ಮುಂದೇನಾಯಿತೆಂದು ಕೇಳಲಿಲ್ಲ. ತನ್ನ ಮೊರದೊಳಗಿನ ಕಲ್ಲನ್ನು ಆರಿಸಿ ಎಸೆದು, ಈಕೆಯ ಮೊರವನ್ನು ತನ್ನ ಕಡೆಗೆ ಎಳೆದುಕೊಳ್ಳುತ್ತಿದ್ದಳು.